ರಂಗದಿಂದ ತೆರೆಗೆ: ನಟಿ ಬಿ. ಜಯಮ್ಮನವರ ಜೀವನ ಮತ್ತು ವೃತ್ತಿ
ಚಾಮರಾಜನಗರ-ಗುಂಡ್ಲುಪೇಟೆ ಸೀಮೆಯಿಂದ ಒಂದು ನೋಟ

೧. ಪೀಠಿಕೆ

ಚಾಮರಾಜನಗರ ಸೀಮೆಯಲ್ಲಿ ನಾಟಕ, ಚಲನಚಿತ್ರಗಳ ಮಾತೆತ್ತಿದೊಡನೆ ಎಲ್ಲರ ಬಾಯಿಯಲ್ಲಿಯೂ ಬರುವ ಹೆಸರು ಒಂದೇ. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜರು ರಾಜಕುಮಾರರಾಗಿ ಕನ್ನಡ ನಾಡಿನಲ್ಲೆಲ್ಲಾ ಮನೆಮಾತಾದುದು ಈ ಸೀಮೆಯ ಜನರಿಗೆ ಹೆಮ್ಮೆಯ ವಿಷಯ. ಅದು ನ್ಯಾಯವೇ ಆಗಿದೆ. ಆದರೆ ಆ ತಂದೆ-ಮಕ್ಕಳಿಬ್ಬರಿಗೂ ಅನ್ನವನ್ನೂ ವಿದ್ಯೆಯನ್ನೂ ಕೊಟ್ಟ ಗುಬ್ಬಿ ಕಂಪನಿಯಲ್ಲಿ ಪ್ರಧಾನ ನಟಿ ಯಾರಾಗಿದ್ದರು ಎಂದು ತರಗತಿಯಲ್ಲಿ ಕೇಳಿದರೆ ಉತ್ತರ ಬರುವುದು ಅಪೂರ್ವ. ನಾವು ಈ ಪ್ರಶ್ನೆಯನ್ನು ಚಾಮರಾಜನಗರದ ವಿದ್ಯಾರ್ಥಿಗಳ ಮುಂದೆಯೂ ಗುಂಡ್ಲುಪೇಟೆಯ ವಿದ್ಯಾರ್ಥಿಗಳ ಮುಂದೆಯೂ ಇಟ್ಟು ನೋಡಿದ್ದೇವೆ. ಎರಡೂ ಕಡೆ ದೊರೆತದ್ದು ಮೌನ.

ಈ ಮೌನವು ವಿದ್ಯಾರ್ಥಿಗಳ ತಪ್ಪಲ್ಲ. ಇತಿಹಾಸವನ್ನು ಬರೆದವರ ಲೋಪ. ರಂಗಭೂಮಿಯ ಚರಿತ್ರೆಯೆಂದರೆ ಬಹುಮಟ್ಟಿಗೆ ಕಂಪನಿಯ ಯಜಮಾನರ ಚರಿತ್ರೆ, ನಾಟಕಕಾರರ ಚರಿತ್ರೆ, ನಾಯಕನಟರ ಚರಿತ್ರೆ ಎಂದಾಗಿಬಿಟ್ಟಿದೆ. ನಟಿಯರ ಹೆಸರುಗಳು ಅಲ್ಲಿ ಬಂದರೂ ಇಂಥವರ ಪತ್ನಿ, ಇಂಥ ಪಾತ್ರಧಾರಿಣಿ ಎಂಬ ಒಂದು ವಾಕ್ಯದೊಡನೆ ಮುಗಿದುಹೋಗುತ್ತವೆ. ಪ್ರಕೃತ ಲೇಖನದಲ್ಲಿ ಮೂಕಿಚಿತ್ರಗಳ ಕಾಲದಿಂದಲೂ ರಂಗ, ತೆರೆ ಎರಡರಲ್ಲಿಯೂ ದುಡಿದ ಬಿ. ಜಯಮ್ಮನವರ (೧೯೧೫-೧೯೮೮) ಜೀವನ, ವೃತ್ತಿಗಳನ್ನು ವಿವೇಚಿಸಿ, ಅದರಿಂದ ತಿಳಿದುಬರುವ ಸಾಮಾಜಿಕ ಚರಿತ್ರೆಯ ಅಂಶಗಳನ್ನು ಗುರುತಿಸುವುದು ನಮ್ಮ ಉದ್ದೇಶ.

೨. ಸೀಮೆ ಮತ್ತು ಪ್ರೇಕ್ಷಕ

ಮೊದಲು ಈ ಸೀಮೆಯ ಸ್ವರೂಪವನ್ನು ಸ್ವಲ್ಪ ತಿಳಿಯುವುದು ಉಚಿತ. ಅರಿಕುಠಾರವೆಂಬ ಹಳೆಯ ಊರಿಗೆ ಮುಮ್ಮಡಿ ಕೃಷ್ಣರಾಜ ಒಡೆಯರು ತಮ್ಮ ತಂದೆಯ ನೆನಪಿಗಾಗಿ ೧೮೧೮ರಲ್ಲಿ ಚಾಮರಾಜನಗರವೆಂದು ಹೆಸರಿಟ್ಟರು. ೧೮೨೬ರಲ್ಲಿ ಚಾಮರಾಜೇಶ್ವರ ದೇವಾಲಯವನ್ನು ಕಟ್ಟಿಸಿದರು. ನಂಜನಗೂಡಿನವರೆಗೆ ಮಾತ್ರ ಇದ್ದ ರೈಲುಮಾರ್ಗವು ೧೯೨೬ರಲ್ಲಿ ಚಾಮರಾಜನಗರವನ್ನು ಮುಟ್ಟಿತು. ಗುಂಡ್ಲುಪೇಟೆಗೆ ರೈಲು ಬರಲಿಲ್ಲ. ಆದರೆ ಮೈಸೂರಿನಿಂದ ನೀಲಗಿರಿಗೂ ವೈನಾಡಿಗೂ ಹೋಗುವ ದಾರಿಗಳು ಆ ಊರಿನಲ್ಲಿ ಕವಲೊಡೆಯುತ್ತವೆ. ಪರದೆ, ಸೀನರಿ, ವೇಷದ ಪೆಟ್ಟಿಗೆ, ಕಾಲುಪೆಟ್ಟಿಗೆ, ದೀಪದ ಸಾಮಾನುಗಳನ್ನು ಹೊತ್ತು ಊರೂರು ತಿರುಗುತ್ತಿದ್ದ ನಾಟಕ ಕಂಪನಿಗಳ ಬಾಳು ರೈಲು, ರಸ್ತೆಗಳನ್ನೇ ಅವಲಂಬಿಸಿತ್ತು. ಆದಕಾರಣ ಕಂಪನಿ ನಾಟಕದ ಚರಿತ್ರೆಯು ಒಂದು ಅರ್ಥದಲ್ಲಿ ಸಾರಿಗೆಯ ಚರಿತ್ರೆಯೂ ಹೌದು.

ಇಲ್ಲಿನ ಜನ ರಾತ್ರಿಯೆಲ್ಲಾ ಕುಳಿತು ಹಾಡುಗಬ್ಬವನ್ನು ಕೇಳಿ ಬಲ್ಲವರು. ಮಲೆಯ ಮಾದೇಶ್ವರನ ಕಥೆಯನ್ನು ಕಂಸಾಳೆಯವರೂ ಮಂಟೇಸ್ವಾಮಿಯ ಕಥೆಯನ್ನು ನೀಲಗಾರರೂ ಬೆಳಗಾಗುವವರೆಗೆ ಹಾಡುತ್ತಿದ್ದ ನಾಡಿದು. ಈ ಕಥೆಗಳಲ್ಲಿ ಸಂಕವ್ವನಂತಹ ಸ್ತ್ರೀಪಾತ್ರಗಳಿಗೆ ದೊಡ್ಡ ಸ್ಥಾನವುಂಟು. ಸೋಬಾನೆ, ಬೀಸುವ ಪದಗಳಲ್ಲಿ ಹೆಂಗಸರ ಕಂಠಕ್ಕೆ ಮನೆಯ ಅಂಗಳದಲ್ಲಿ ಎಂದೂ ಅಡ್ಡಿಯಿರಲಿಲ್ಲ. ಅಡ್ಡಿಯಿದ್ದುದು ಅದೇ ಕಂಠವು ಅಂಗಳವನ್ನು ದಾಟಿ, ಟಿಕೇಟು ಕೊಂಡು ಬಂದ ಅಪರಿಚಿತರ ಮುಂದೆ ನಿಲ್ಲುವುದಕ್ಕೆ. ಈ ಭೇದವನ್ನು ಮನಸ್ಸಿನಲ್ಲಿಟ್ಟುಕೊಂಡರೆ ಮಾತ್ರ ಜಯಮ್ಮನವರಂತಹವರ ಸಾಹಸದ ತೂಕ ನಮಗೆ ತಿಳಿದೀತು.

ಮತ್ತೊಂದು ಮಾತು. ರಾಜಕುಮಾರರು ೧೯೨೯ರಲ್ಲಿ ಹುಟ್ಟಿದ ಗಾಜನೂರು ಆಗ ಮದರಾಸು ಪ್ರಾಂತದ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು. ಸಿಂಗಾನಲ್ಲೂರನ್ನು ಒಳಗೊಂಡ ಕೊಳ್ಳೇಗಾಲವೂ ಅದೇ ಜಿಲ್ಲೆಯದಾಗಿತ್ತು. ೧೯೫೬ರ ರಾಜ್ಯ ಪುನರ್ವಿಂಗಡಣೆಯಲ್ಲಿ ಕೊಳ್ಳೇಗಾಲವು ಮೈಸೂರಿಗೆ ಬಂದಿತು. ಗಾಜನೂರು ಗಡಿಯ ಆಚೆಯೇ ಉಳಿಯಿತು. ನಾಟಕ ಕಂಪನಿಗಳಿಗೆ ಮಾತ್ರ ಈ ಗಡಿಗಳ ಲೆಕ್ಕವಿರಲಿಲ್ಲ. ಸಂಸ್ಥಾನದ ಒಳಗೂ ಹೊರಗೂ ಅವು ಸಂಚರಿಸುತ್ತಿದ್ದವು. ಅವುಗಳೊಡನೆ ಭಾಷೆ, ಮಟ್ಟು, ಕಲಾವಿದರು ಎಲ್ಲವೂ ಸಂಚರಿಸುತ್ತಿದ್ದವು. ಜಯಮ್ಮನವರ ವೃತ್ತಿಯು ಮುಂದೆ ಮೂರು ಭಾಷೆಗಳಲ್ಲಿ ಹರಡಿದುದಕ್ಕೆ ಈ ಸಂಚಾರಜೀವನವೇ ಬುನಾದಿಯೆಂದು ನಮ್ಮ ಅಭಿಪ್ರಾಯ.

೩. ಕಂಪನಿಯೆಂಬ ವಿದ್ಯಾಶಾಲೆ

ಜಯಮ್ಮನವರು ಹುಟ್ಟಿದುದು ೧೯೧೫ರಲ್ಲಿ, ಚಿಕ್ಕಮಗಳೂರಿನಲ್ಲಿ. ಎಳೆಯ ವಯಸ್ಸಿನಲ್ಲಿಯೇ ಅವರು ಗುಬ್ಬಿಯ ಶ್ರೀ ಚನ್ನಬಸವೇಶ್ವರ ಕೃಪಾಪೋಷಿತ ನಾಟಕ ಸಂಘವನ್ನು ಸೇರಿದರು. ೧೮೮೪ರಲ್ಲಿ ಸ್ಥಾಪಿತವಾದ ಆ ಸಂಘದ ಆಡಳಿತವು ೧೯೧೭ರ ವೇಳೆಗೆ ವೀರಣ್ಣನವರ ಕೈಗೆ ಬಂದಿತ್ತು. ಸ್ವತಃ ಬಾಲನಟನಾಗಿ ಕಂಪನಿಯನ್ನು ಸೇರಿ ಯಜಮಾನನ ಸ್ಥಾನಕ್ಕೆ ಏರಿದ ವೀರಣ್ಣನವರಿಗೆ ಮಕ್ಕಳನ್ನು ರಂಗಕ್ಕೆ ಸಿದ್ಧಪಡಿಸುವ ಕ್ರಮ ಚೆನ್ನಾಗಿ ತಿಳಿದಿತ್ತು.

ಆ ಕಾಲದ ಕಂಪನಿಯನ್ನು ಕೇವಲ ವ್ಯಾಪಾರಸಂಸ್ಥೆಯೆಂದು ಎಣಿಸುವುದು ತಪ್ಪು. ಅದೊಂದು ಕೂಡುಕುಟುಂಬ, ಅಡಿಗೆಮನೆ, ಸಂಗೀತಶಾಲೆ, ಗರಡಿಮನೆ ಎಲ್ಲವೂ ಒಂದಾದ ಸಂಸಾರ. ಹಗಲು ಪಾಠ, ರಾತ್ರಿ ಆಟ. ಮೊದಲು ಗುಂಪಿನಲ್ಲಿ ನಿಲ್ಲುವುದು, ಬಳಿಕ ಬಾಲಕೃಷ್ಣ, ಪ್ರಹ್ಲಾದ, ಲೋಹಿತಾಶ್ವರಂತಹ ಬಾಲಪಾತ್ರಗಳು, ಆ ಬಳಿಕ ಸಖಿ, ಕೊನೆಗೆ ನಾಯಿಕೆ: ಇದು ಏರುವ ಮೆಟ್ಟಿಲು. ಧ್ವನಿವರ್ಧಕವಿಲ್ಲದ ದಿನಗಳಲ್ಲಿ ಕೊನೆಯ ಸಾಲಿನ ನೆಲದ ಮೇಲೆ ಕುಳಿತವನಿಗೂ ಮಾತು ಬಿಡಿಬಿಡಿಯಾಗಿ ಕೇಳಿಸಬೇಕು. ಹಾಡಿಗೆ 'ಒನ್ಸ್ ಮೋರ್' ಬಿದ್ದರೆ ಅದೇ ಹಾಡನ್ನು ದಣಿವಿಲ್ಲದೆ ಮತ್ತೆ ಹಾಡಬೇಕು. ಶಾರೀರ, ಸ್ಮರಣಶಕ್ತಿ, ಸಮಯಸ್ಫೂರ್ತಿ ಈ ಮೂರೂ ಇಲ್ಲದವರಿಗೆ ಆ ರಂಗದಲ್ಲಿ ಎಡೆಯಿರಲಿಲ್ಲ. ಜಯಮ್ಮನವರು ಗಾಯಕಿಯಾಗಿಯೂ ನಟಿಯಾಗಿಯೂ ಪ್ರಸಿದ್ಧಿಗೆ ಬಂದುದು ಈ ಶಿಕ್ಷಣದ ಬಲದಿಂದ.

ಇದೇ ಶಾಲೆಯಿಂದ ಹೊರಬಂದವರ ಪಟ್ಟಿ ದೀರ್ಘವಾಗಿದೆ. ನಂಜನಗೂಡಿನ ಜಿ. ವಿ. ಅಯ್ಯರ್, ಹಾಸ್ಯನಟ ನರಸಿಂಹರಾಜು, ಬಾಲಕೃಷ್ಣ, ನಮ್ಮ ಸೀಮೆಯ ಪುಟ್ಟಸ್ವಾಮಯ್ಯ ಮತ್ತು ಮುತ್ತುರಾಜ ಇವರೆಲ್ಲರೂ ಈ ಕಂಪನಿಯ ಅನ್ನ ಉಂಡವರು. ಇಲ್ಲಿ ವಿದ್ಯಾರ್ಥಿಗಳು ಒಂದು ಗೊಂದಲವನ್ನು ತಪ್ಪಿಸಬೇಕು. ೧೯೩೪ರಲ್ಲಿ ರಂಗವೇರಿದ 'ಕುರುಕ್ಷೇತ್ರ'ವನ್ನು ರಚಿಸಿದ ಬಿ. ಪುಟ್ಟಸ್ವಾಮಯ್ಯನವರು ಪತ್ರಕರ್ತರು, ಕಾದಂಬರಿಕಾರರು. ರಾಜಕುಮಾರರ ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ನಟರು. ಹೆಸರು ಒಂದಾದುದರಿಂದ ಈರ್ವರನ್ನೂ ಒಬ್ಬರೆಂದು ಬರೆದ ಉತ್ತರಪತ್ರಿಕೆಗಳನ್ನು ನಾವು ಕಂಡಿದ್ದೇವೆ. ಆನೆ, ಕುದುರೆ, ರಥಗಳನ್ನು ರಂಗಕ್ಕೆ ತಂದ ಆ 'ಕುರುಕ್ಷೇತ್ರ'ದ ವೈಭವವು ಕಂಪನಿಯ ಕೀರ್ತಿಯನ್ನು ಶಿಖರಕ್ಕೇರಿಸಿತು.

೪. ಸ್ತ್ರೀಪಾತ್ರ ಮತ್ತು ಸ್ತ್ರೀ

ವೃತ್ತಿರಂಗಭೂಮಿಯ ಆರಂಭದ ದಶಕಗಳಲ್ಲಿ ಸ್ತ್ರೀಪಾತ್ರವನ್ನು ಗಂಡಸರೇ ವಹಿಸುತ್ತಿದ್ದರೆಂಬುದು ಎಲ್ಲರೂ ಬಲ್ಲ ಸಂಗತಿ. ಗಡ್ಡಮೀಸೆ ಬಾರದ ಹುಡುಗರು ದ್ರೌಪದಿ, ದಮಯಂತಿಯರಾಗುತ್ತಿದ್ದರು. ದನಿ ಒಡೆದ ಬಳಿಕ ಗಂಡುಪಾತ್ರಗಳಿಗೆ ಸರಿಯುತ್ತಿದ್ದರು. ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ಈ ಸ್ಥಿತಿ ಬದಲಾಗತೊಡಗಿತು. ಸ್ತ್ರೀಯರನ್ನೇ ಸ್ತ್ರೀಪಾತ್ರಗಳಿಗೆ ತಂದ ಕಂಪನಿಗಳಲ್ಲಿ ಗುಬ್ಬಿ ಕಂಪನಿಯದು ಪ್ರಮುಖ ಸ್ಥಾನ.

ಈ ಬದಲಾವಣೆಯನ್ನು ಕಲೆಯ ಪ್ರಗತಿಯೆಂದಷ್ಟೇ ವರ್ಣಿಸಿದರೆ ಸಾಲದು. ಮೈಸೂರು ಸರ್ಕಾರವು ೧೯೦೯ರಲ್ಲಿ ಮುಜರಾಯಿ ದೇವಾಲಯಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿತು. ಸುಧಾರಣೆಯ ಉದ್ದೇಶ ಒಳ್ಳೆಯದೇ ಆಗಿದ್ದರೂ, ಗಾನನೃತ್ಯಗಳನ್ನು ಕಲಿತ ಹೆಂಗಸೆಂದರೆ ಸಂಶಯದಿಂದ ನೋಡುವ ದೃಷ್ಟಿಯು ಅದರೊಡನೆಯೇ ಸಮಾಜದಲ್ಲಿ ಗಟ್ಟಿಯಾಯಿತು. ಒಂದು ಕಡೆ ನಾಟಕಶಾಲೆಯು ನಟಿಯನ್ನು ಬೇಡುತ್ತಿತ್ತು. ಮತ್ತೊಂದು ಕಡೆ ಗೃಹಸ್ಥರ ಲೋಕವು ಅವಳನ್ನು ಮನೆಯ ಒಳಗೆ ಕರೆಯಲು ಒಪ್ಪುತ್ತಿರಲಿಲ್ಲ. ರಾತ್ರಿ ಹೇಮರೆಡ್ಡಿ ಮಲ್ಲಮ್ಮನಿಗೆ ಕೈಮುಗಿದ ಪ್ರೇಕ್ಷಕನೇ ಹಗಲಿನಲ್ಲಿ ಆ ಪಾತ್ರಧಾರಿಣಿಯ ವಿಷಯವಾಗಿ ಹಗುರವಾಗಿ ಮಾತನಾಡಬಲ್ಲವನಾಗಿದ್ದನು.

ಹೀಗಿರಲಾಗಿ ನಟಿಗೆ ರಕ್ಷಣೆಯೆಲ್ಲಿ? ಬಹುಮಂದಿಗೆ ಅದು ಕಂಪನಿಯ ಸಂಸಾರದೊಳಗೇ ದೊರೆಯಬೇಕಾಗಿತ್ತು. ಜಯಮ್ಮನವರು ವೀರಣ್ಣನವರನ್ನು ವಿವಾಹವಾಗಿ, ಅವರ ಪತ್ನಿಯರಲ್ಲಿ ಒಬ್ಬರಾದರು. ಈ ವಿವಾಹವನ್ನು ಇಂದಿನ ಕಣ್ಣಿನಿಂದ ನೋಡಿ ತೀರ್ಪು ಕೊಡುವುದು ಇತಿಹಾಸಕಾರನ ಕೆಲಸವಲ್ಲ. ಬಹುಪತ್ನೀತ್ವವು ಹಿಂದೂಗಳಲ್ಲಿ ಕಾನೂನಿನ ಮೂಲಕ ಸಂಪೂರ್ಣವಾಗಿ ನಿಂತುದು ೧೯೫೫ರ ಹಿಂದೂ ವಿವಾಹ ಕಾಯಿದೆಯಿಂದ. ಆದರೆ ಒಂದು ಅಂಶವನ್ನು ಗಮನಿಸಲೇಬೇಕು. ಯಜಮಾನನೂ ಪತಿಯೂ ಒಬ್ಬನೇ ಆದಾಗ ನಟಿಯ ದುಡಿಮೆಯು ಕುಟುಂಬದ ದುಡಿಮೆಯಲ್ಲಿ ಕರಗಿಹೋಗುತ್ತದೆ. ಆಕೆಯ ಹೆಸರು ಸಂಸ್ಥೆಯ ಹೆಸರಿನಲ್ಲಿ ಅಡಗುತ್ತದೆ. ನಾವು ಪೀಠಿಕೆಯಲ್ಲಿ ಹೇಳಿದ ಮೌನಕ್ಕೆ ಇದೂ ಒಂದು ಕಾರಣ.

೫. ಮೂಕಿಯಿಂದ ಮಾತಿಗೆ

ವೀರಣ್ಣನವರು ಚಲನಚಿತ್ರದ ಮುಂದಿನ ಶಕ್ತಿಯನ್ನು ಬೇಗನೆ ಗುರುತಿಸಿದವರು. ಅವರು ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಎಂಬ ಸಂಸ್ಥೆಯ ಮೂಲಕ ಮೂಕಿಚಿತ್ರಗಳ ತಯಾರಿಕೆಗೆ ಕೈಹಾಕಿದರು. ೧೯೩೧ರ 'ಹಿಸ್ ಲವ್ ಅಫೇರ್' ಎಂಬ ಚಿತ್ರವನ್ನು ಬೆಲ್ಜಿಯಂ ದೇಶದ ರಫೇಲ್ ಆಲ್ಗೊಯೆಟ್ ನಿರ್ದೇಶಿಸಿದರು. ವೀರಣ್ಣನವರೂ ಜಯಮ್ಮನವರೂ ಅದರಲ್ಲಿ ಅಭಿನಯಿಸಿದರು. ಆಗ ಜಯಮ್ಮನವರಿಗೆ ಹದಿನಾರರ ಪ್ರಾಯ.

ಇಲ್ಲಿ ಹೊರಜಗತ್ತಿನ ಒಂದು ಹೋಲಿಕೆಯು ಉಪಯುಕ್ತವಾದೀತು. ಹಂಗೇರಿಯಲ್ಲಿ ೧೯೦೧ರಲ್ಲಿ ಹುಟ್ಟಿದ ವಿಲ್ಮಾ ಬಾಂಕಿ ಎಂಬ ನಟಿಯು ಅಮೆರಿಕಕ್ಕೆ ಹೋಗಿ, ೧೯೨೫ರ 'ದಿ ಈಗಲ್', ೧೯೨೬ರ 'ದಿ ಸನ್ ಆಫ್ ದಿ ಶೇಖ್' ಚಿತ್ರಗಳಲ್ಲಿ ವ್ಯಾಲೆಂಟಿನೋನ ಜೊತೆಗೆ ನಾಯಿಕೆಯಾಗಿ ಜಗತ್ಪ್ರಸಿದ್ಧಳಾದಳು. ಮೂಕಿಚಿತ್ರಕ್ಕೆ ಭಾಷೆಯ ಹಂಗಿರಲಿಲ್ಲವಾದುದರಿಂದ ಇದು ಸಾಧ್ಯವಾಯಿತು. ಚಿತ್ರವು ಮಾತನಾಡತೊಡಗಿದೊಡನೆ ಆಕೆಯ ಹಂಗೇರಿಯ ಉಚ್ಚಾರಣೆಯು ಅಡ್ಡಿಯಾಯಿತು; ಕೆಲವೇ ವರ್ಷಗಳಲ್ಲಿ ಆಕೆಯ ವೃತ್ತಿ ಮುಗಿಯಿತು. ಜಯಮ್ಮನವರ ವಿಷಯದಲ್ಲಿ ನಡೆದುದು ಇದಕ್ಕೆ ನೇರ ವಿರುದ್ಧ. ಅವರ ಬಂಡವಾಳವೇ ಕಂಠ. ಮೂಕಿಚಿತ್ರದಲ್ಲಿ ಅರ್ಧ ಮರೆಯಾಗಿದ್ದ ಅವರ ಕಲೆಯು ವಾಕ್ಚಿತ್ರದಲ್ಲಿ ಪೂರ್ಣವಾಗಿ ಬೆಳಕಿಗೆ ಬಂದಿತು. ಯಂತ್ರವು ಒಬ್ಬಳ ದಾರಿಯನ್ನು ಮುಚ್ಚಿತು, ಇನ್ನೊಬ್ಬಳ ದಾರಿಯನ್ನು ತೆರೆಯಿತು. ಕಾರಣವು ಯಂತ್ರದಲ್ಲಿಲ್ಲ, ಅವರವರು ಪಡೆದ ಶಿಕ್ಷಣದಲ್ಲಿಯೂ ನಿಂತ ನೆಲದಲ್ಲಿಯೂ ಇದೆ.

ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ'ವು ೧೯೩೪ರ ಮಾರ್ಚಿಯಲ್ಲಿ ತೆರೆಕಂಡಿತು. ಅದರ ಚಿತ್ರೀಕರಣ ನಡೆದುದು ಕೊಲ್ಲಾಪುರದಲ್ಲಿ. ಸಂಭಾಷಣೆ, ಹಾಡುಗಳನ್ನು ಬರೆದವರು ಗುಬ್ಬಿ ಕಂಪನಿಗೆ ನಾಟಕಗಳನ್ನು ರಚಿಸಿದ ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಮರುವರ್ಷ ಗುಬ್ಬಿ ಕಂಪನಿಯ ಜನಪ್ರಿಯ ನಾಟಕ 'ಸದಾರಮೆ'ಯು ರಾಜಾ ಚಂದ್ರಶೇಖರರ ನಿರ್ದೇಶನದಲ್ಲಿ ಚಿತ್ರವಾಯಿತು. ನಾಯಿಕೆಯ ಪಾತ್ರ ಕೆ. ಅಶ್ವತ್ಥಮ್ಮನವರದು, ಜಯಮ್ಮನವರೂ ತಾರಾಗಣದಲ್ಲಿದ್ದರು. ಬಳಿಕ ಪಿ. ಪುಲ್ಲಯ್ಯನವರ 'ಸುಭದ್ರಾ' (೧೯೪೧), ಅ. ನ. ಕೃಷ್ಣರಾಯರ ಬರವಣಿಗೆಯ 'ಜೀವನ ನಾಟಕ' (೧೯೪೨), 'ಹೇಮರೆಡ್ಡಿ ಮಲ್ಲಮ್ಮ' (೧೯೪೫), ಎಚ್. ಎಲ್. ಎನ್. ಸಿಂಹರ 'ಗುಣಸಾಗರಿ' (೧೯೫೩) ಹೀಗೆ ಅವರ ಕನ್ನಡ ಚಿತ್ರಗಳು ಸಾಗುತ್ತವೆ.

ಈ ಪಟ್ಟಿ ಚಿಕ್ಕದೆಂದು ಇಂದಿನ ಓದುಗರಿಗೆ ತೋರಬಹುದು. ಆ ಕಾಲದಲ್ಲಿ ಕನ್ನಡದಲ್ಲಿ ವರ್ಷಕ್ಕೆ ಬರುತ್ತಿದ್ದುದೇ ಒಂದೆರಡು ಚಿತ್ರ. ಒಮ್ಮೊಮ್ಮೆ ಅದೂ ಇಲ್ಲ. ನಾಡಿನೊಳಗೆ ಸ್ಟುಡಿಯೋಗಳು ಬಹುಮಟ್ಟಿಗೆ ಇಲ್ಲದುದರಿಂದ ಕೊಲ್ಲಾಪುರ, ಮದರಾಸು, ಕೊಯಮತ್ತೂರುಗಳಿಗೆ ಹೋಗಬೇಕಾಗಿತ್ತು. ಈ ಹಿನ್ನೆಲೆಯಲ್ಲಿ ಎರಡು ದಶಕಗಳ ಕಾಲ ತೆರೆಯ ಮೇಲೆ ಉಳಿದುದು ಸಾಮಾನ್ಯ ಸಂಗತಿಯಲ್ಲ. ಅಲ್ಲದೆ ಅವರು ತಮಿಳು, ತೆಲುಗು ಚಿತ್ರಗಳಲ್ಲಿಯೂ ಮನ್ನಣೆ ಪಡೆದರು.

೬. 'ಸ್ವರ್ಗಸೀಮ'ದ ವ್ಯಂಗ್ಯ

ಜಯಮ್ಮನವರ ತೆಲುಗು ಚಿತ್ರಗಳಲ್ಲಿ ಬಿ. ಎನ್. ರೆಡ್ಡಿಯವರ 'ಸ್ವರ್ಗಸೀಮ' (೧೯೪೫) ಮುಖ್ಯವಾದುದು. ಚಿತ್ತೂರು ವಿ. ನಾಗಯ್ಯನವರು ಪತ್ರಿಕಾ ಸಂಪಾದಕನಾಗಿಯೂ, ಜಯಮ್ಮನವರು ಅವನ ಪತ್ನಿ ಕಲ್ಯಾಣಿಯಾಗಿಯೂ, ಭಾನುಮತಿಯವರು ಬೀದಿಯಲ್ಲಿ ಹಾಡುತ್ತಿದ್ದು ನಾಟಕದ ತಾರೆಯಾಗಿ ಬೆಳೆಯುವ ಹೆಣ್ಣಾಗಿಯೂ ಅಭಿನಯಿಸಿದರು. ಸಂಪಾದಕನು ನಟಿಯ ಮೋಹದಲ್ಲಿ ಹೆಂಡತಿ ಮಕ್ಕಳನ್ನು ತೊರೆದು, ಕೊನೆಗೆ ಪಶ್ಚಾತ್ತಾಪದಿಂದ ಮನೆಗೆ ಮರಳುವುದು ಕಥೆಯ ಸಾರ. ಮನೆಯೇ ಸ್ವರ್ಗ, ನಾಟಕಶಾಲೆಯು ಆ ಸ್ವರ್ಗವನ್ನು ಕೆಡಿಸುವ ಸ್ಥಳ ಎಂಬ ಭಾವ ಅದರಲ್ಲಿ ಅಂತರ್ಗತವಾಗಿದೆ.

ಇಲ್ಲಿನ ವ್ಯಂಗ್ಯವನ್ನು ಗಮನಿಸಬೇಕು. ಬಾಲ್ಯದಿಂದಲೂ ನಾಟಕಶಾಲೆಯಲ್ಲಿಯೇ ಬೆಳೆದು, ನಾಟಕದವರನ್ನೇ ಮದುವೆಯಾಗಿ, ನಾಟಕದಿಂದಲೇ ಜೀವಿಸಿದ ನಟಿಯೊಬ್ಬಳು ನಾಟಕದ ನಟಿಯಿಂದ ಮನೆ ಹಾಳಾದ ಗೃಹಿಣಿಯ ಪಾತ್ರವನ್ನು ವಹಿಸಿದಳು. ಪ್ರೇಕ್ಷಕರು ಅದನ್ನು ನಂಬಿದರು. ನಟಿಯ ಬಗೆಗೆ ಸಮಾಜವು ಇಟ್ಟುಕೊಂಡಿದ್ದ ಅಳುಕನ್ನು ನಟಿಯ ಅಭಿನಯವೇ ಸಮರ್ಥಿಸಬೇಕಾಯಿತು. ಇದನ್ನು ಜಯಮ್ಮನವರ ಸೋಲೆಂದು ನಾವು ಹೇಳುವುದಿಲ್ಲ. ಕಲ್ಯಾಣಿಯ ಪಾತ್ರವು ಅಷ್ಟು ಸಹಜವಾಗಿ ಮೂಡಿದುದರಿಂದಲೇ, ರಂಗದ ಹೆಣ್ಣಿಗೂ ಮನೆಯ ಹೆಣ್ಣಿಗೂ ನಡುವೆ ಎಳೆದಿದ್ದ ಗೆರೆ ಎಷ್ಟು ಕೃತಕವೆಂಬುದು ವಿವೇಕಿಗಳಿಗೆ ತಿಳಿಯುವಂತಾಯಿತು. ಎರಡೂ ಒಬ್ಬಳೇ ಆಗಬಲ್ಲಳೆಂಬುದಕ್ಕೆ ಆ ನಟಿಯೇ ಸಾಕ್ಷಿಯಾಗಿದ್ದಳು.

೭. ಅನಂತರದ ಪೀಳಿಗೆ

೧೯೫೪ರಲ್ಲಿ 'ಬೇಡರ ಕಣ್ಣಪ್ಪ' ತೆರೆಕಂಡಿತು. ಗುಬ್ಬಿ ಕಂಪನಿಯಲ್ಲಿ ಪಳಗಿದ ಮುತ್ತುರಾಜರು ರಾಜಕುಮಾರರೆಂಬ ಹೊಸ ಹೆಸರಿನಿಂದ ನಾಯಕರಾದರು, ನರಸಿಂಹರಾಜು, ಜಿ. ವಿ. ಅಯ್ಯರ್ ಅವರ ಜೊತೆಗಿದ್ದರು. ನಾಯಿಕೆ ಪಂಡರಿಬಾಯಿ. ಭಟ್ಕಳದಲ್ಲಿ ಹುಟ್ಟಿದ ಅವರು ಹರಿಕಥೆಯ ಹಿನ್ನೆಲೆಯಿಂದ ಬಂದು, ೧೯೪೩ರ 'ವಾಣಿ' ಚಿತ್ರದಲ್ಲಿ ಕಾಣಿಸಿಕೊಂಡವರು. ಹರಿಕಥೆ, ಕಂಪನಿ ನಾಟಕ, ಚಲನಚಿತ್ರ ಇವು ಬೇರೆಬೇರೆ ಪ್ರಪಂಚಗಳಲ್ಲ, ಒಂದೇ ಹೊಳೆಯ ಕವಲುಗಳು ಎಂಬುದಕ್ಕೆ ಈ ತಾರಾಗಣವೇ ನಿದರ್ಶನ. ಜಯಮ್ಮನವರ ಪೀಳಿಗೆಯು ಹಾಕಿಕೊಟ್ಟ ದಾರಿಯಲ್ಲಿ ಈ ಪೀಳಿಗೆ ನಡೆಯಿತು.

ಇನ್ನೊಂದು ಘಟನೆಯೂ ಇಲ್ಲಿ ಉಲ್ಲೇಖಾರ್ಹ. ಆರ್. ನಾಗರತ್ನಮ್ಮನವರು ೧೯೫೮ರಲ್ಲಿ ಸ್ತ್ರೀಯರದೇ ಆದ 'ಸ್ತ್ರೀ ನಾಟಕ ಮಂಡಳಿ'ಯನ್ನು ಕಟ್ಟಿ, ಕಂಸ, ರಾವಣ, ಭೀಮರ ಪಾತ್ರಗಳನ್ನು ತಾವೇ ವಹಿಸಿ ಹೆಸರು ಪಡೆದರು. ಗಂಡಸರು ಸೀರೆಯುಟ್ಟು ದ್ರೌಪದಿಯಾಗುತ್ತಿದ್ದ ರಂಗದಲ್ಲಿ ಹೆಂಗಸು ಗದೆ ಹಿಡಿದು ಭೀಮನಾಗುವವರೆಗೆ ಹಿಡಿದ ಕಾಲವು ಒಂದು ಮನುಷ್ಯನ ಆಯುಷ್ಯಕ್ಕಿಂತ ಹೆಚ್ಚಲ್ಲ. ನಾಗರತ್ನಮ್ಮನವರಿಗೆ ೨೦೧೨ರಲ್ಲಿ ಪದ್ಮಶ್ರೀ ಪ್ರಶಸ್ತಿ ದೊರೆಯಿತು. ಅದೇ ವರ್ಷ ಅವರು ತೀರಿಕೊಂಡರು.

ವೀರಣ್ಣನವರು ೧೯೭೨ರಲ್ಲಿ ಪದ್ಮಶ್ರೀ ಪಡೆದು, ಅದೇ ವರ್ಷದ ಅಕ್ಟೋಬರಿನಲ್ಲಿ ನಿಧನರಾದರು. ಅವರ ಹೆಸರಿನಲ್ಲಿ ರಾಜ್ಯಸರ್ಕಾರವು ರಂಗಪ್ರಶಸ್ತಿಯನ್ನು ಸ್ಥಾಪಿಸಿತು. ಜಯಮ್ಮನವರು ಆ ಬಳಿಕ ಹದಿನಾರು ವರ್ಷ ಬದುಕಿದ್ದು, ೧೯೮೮ರಲ್ಲಿ ಕಾಲವಾದರು.

೮. ಉಪಸಂಹಾರ

ಮೇಲ್ಕಂಡ ವಿವೇಚನೆಯಿಂದ ಮೂರು ಅಂಶಗಳು ಸ್ಪಷ್ಟವಾಗುತ್ತವೆ. ಮೊದಲನೆಯದಾಗಿ, ಕನ್ನಡ ಚಲನಚಿತ್ರವು ತನ್ನ ಆರಂಭದ ಕಾಲದಲ್ಲಿ ನಟನಟಿಯರನ್ನು ತಾನೇ ತಯಾರಿಸಲಿಲ್ಲ. ಕಂಪನಿ ರಂಗಭೂಮಿಯು ಬೆಳೆಸಿದ ಫಸಲನ್ನು ಕೊಯ್ದುಕೊಂಡಿತು. ಎರಡನೆಯದಾಗಿ, ನಟಿಯ ವೃತ್ತಿಯು ನಟನ ವೃತ್ತಿಗಿಂತ ಹೆಚ್ಚು ಬೆಲೆಯನ್ನು ಕೇಳಿತು. ನಟನು ಕಲೆಯಲ್ಲಿ ಗೆದ್ದರೆ ಸಾಕಾಗಿತ್ತು. ನಟಿಯು ಕಲೆಯಲ್ಲಿಯೂ ಗೆದ್ದು, ಮರ್ಯಾದೆಗಾಗಿಯೂ ಪ್ರತ್ಯೇಕವಾಗಿ ಹೋರಾಡಬೇಕಾಗಿತ್ತು. ಮೂರನೆಯದಾಗಿ, ಆ ಹೋರಾಟದ ದಾಖಲೆಯು ಸರ್ಕಾರದ ಕಡತಗಳಲ್ಲಿ ದೊರೆಯುವುದು ಕಷ್ಟ. ಕರಪತ್ರ, ಹಾಡಿನ ಪುಸ್ತಕ, ಗ್ರಾಮಫೋನ್ ತಟ್ಟೆ, ಭಾವಚಿತ್ರ, ಹಿರಿಯರ ನೆನಪು ಇವೇ ಅದರ ಆಕರಗಳು. ಮೂಕಿಚಿತ್ರಗಳ ಸುರುಳಿಗಳು ಬಹುತೇಕ ನಾಶವಾಗಿರುವುದರಿಂದ ಉಳಿದ ಆಕರಗಳ ಬೆಲೆ ಇನ್ನೂ ಹೆಚ್ಚು.

ಚಾಮರಾಜನಗರ, ಗುಂಡ್ಲುಪೇಟೆಗಳ ವಿದ್ಯಾರ್ಥಿಗಳಿಗೆ ಇದರಲ್ಲಿ ವಿಶೇಷ ಹೊಣೆಯಿದೆಯೆಂದು ನಾವು ನಂಬುತ್ತೇವೆ. ನಮ್ಮ ಕಡೆಯ ಹಳ್ಳಿಗಳಲ್ಲಿ ಸುಗ್ಗಿ ಮುಗಿದ ಮೇಲೆ ಈಗಲೂ 'ಕುರುಕ್ಷೇತ್ರ' ನಡೆಯುತ್ತದೆ. ಊರಿನ ಗಂಡಸರು ಕೃಷ್ಣ, ದುರ್ಯೋಧನರಾಗುತ್ತಾರೆ; ದ್ರೌಪದಿ, ಉತ್ತರೆಯರ ಪಾತ್ರಗಳಿಗೆ ವೃತ್ತಿನಟಿಯರನ್ನು ಹಣಕೊಟ್ಟು ಹೊರಗಿನಿಂದ ಕರೆಸುತ್ತಾರೆ. ನಾಟಕದ ಕರಪತ್ರದಲ್ಲಿ ಪಾತ್ರ ವಹಿಸಿದ ಗಂಡಸರ ಹೆಸರು, ಊರು, ಭಾವಚಿತ್ರ ಎಲ್ಲವೂ ಇರುತ್ತವೆ. ಬೆಳಗಿನ ಬಸ್ಸಿಗೆ ಹೊರಟುಹೋಗುವ ನಟಿಯ ಹೆಸರನ್ನು ಮರುದಿನ ಕೇಳಿದರೆ ಹೇಳುವವರು ಕಡಮೆ. ಜಯಮ್ಮನವರ ಕಾಲದ ಪ್ರಶ್ನೆಯು ಜಯಮ್ಮನವರೊಡನೆ ಮುಗಿದಿಲ್ಲವೆಂಬುದಕ್ಕೆ ಬೇರೆ ಸಾಕ್ಷ್ಯ ಬೇಕಿಲ್ಲ.

ಆದಕಾರಣ ನಮ್ಮ ವಿದ್ಯಾರ್ಥಿಗಳು ತಮ್ಮ ಊರಿನ ಹಳೆಯ ಕರಪತ್ರಗಳನ್ನು ಹುಡುಕಿ ತರಲಿ, ಅಜ್ಜ ಅಜ್ಜಿಯರು ಕಂಡ ನಾಟಕಗಳ ವಿವರವನ್ನು ಬರೆದುಕೊಳ್ಳಲಿ, ಮುಂದಿನ ಸುಗ್ಗಿಯಲ್ಲಿ ದ್ರೌಪದಿಯಾಗಿ ಬಂದವರ ಬಳಿಗೆ ವಿನಯದಿಂದ ಹೋಗಿ, "ತಮ್ಮ ಹೆಸರೇನಮ್ಮಾ, ಎಲ್ಲಿ ಕಲಿತಿರಿ?" ಎಂದು ಕೇಳಿ, ಅವರು ಒಪ್ಪಿದರೆ ಬರೆದಿಡಲಿ. ಸಂಶೋಧನೆಯೆಂಬುದು ಶಾಸನದ ಕಲ್ಲಿನಿಂದ ಮಾತ್ರ ಆರಂಭವಾಗಬೇಕೆಂಬ ನಿಯಮವಿಲ್ಲ. ಒಂದು ಹೆಸರನ್ನು ಕೇಳಿ ತಪ್ಪಿಲ್ಲದೆ ಬರೆದುಕೊಳ್ಳುವುದರಿಂದಲೂ ಅದು ಆರಂಭವಾಗಬಹುದು. ಅಂತಹ ಕಾರ್ಯಕ್ಕೆ ಈ ಚಿಕ್ಕ ಲೇಖನವು ಕಿಂಚಿತ್ತಾದರೂ ಪ್ರೇರಣೆಯಾದರೆ ನಮ್ಮ ಶ್ರಮ ಸಾರ್ಥಕ.